ಬಡತನ ಕಾಪಾಡಿದ ಮಂದಿರ

ನ್ಯೂಯಾರ್ಕ್ ನಗರದ ಮ್ಯಾನ್‌ಹಟನ್ ದ್ವೀಪದ ದಕ್ಷಿಣ ಭಾಗದಲ್ಲಿ, ಚೀನೀ ಲಿಪಿಯ ಫಲಕಗಳನ್ನು ತೂಗಿಹಾಕಿಕೊಂಡ ಅಂಗಡಿಗಳೂ ಒಂದಕ್ಕೊಂದು ಒತ್ತಿಕೊಂಡ ಹಳೆಯ ವಠಾರಗಳೂ ಇರುವ ಎಲ್ಡ್ರಿಡ್ಜ್ ಬೀದಿಯಲ್ಲಿ, ಕುದುರೆಲಾಳದ ಆಕೃತಿಯ ಕಮಾನುಗಳಿಂದಲೂ ಹನ್ನೆರಡು ವೃತ್ತಗಳು ಸುತ್ತುವರಿದ ಗುಲಾಬಿ ಗವಾಕ್ಷದಿಂದಲೂ ಶೋಭಿಸುವ ಕಟ್ಟಡವೊಂದು ದಾರಿಹೋಕರನ್ನು ತಡೆದು ನಿಲ್ಲಿಸುತ್ತದೆ. ಪೂರ್ವ ಯೂರೋಪಿನಿಂದ ವಲಸೆ ಬಂದ ಯಹೂದ್ಯರು 1887ರಲ್ಲಿ ಕಟ್ಟಿಸಿದ ಸಿನಗಾಗ್ ಇದು. ಇಂದು ವಸ್ತುಸಂಗ್ರಹಾಲಯವೂ ಸಂಸ್ಕೃತಿಕೇಂದ್ರವೂ ಆಗಿದೆ.

1881ರಲ್ಲಿ ರಷ್ಯದ ಚಕ್ರವರ್ತಿ ಎರಡನೆಯ ಅಲೆಕ್ಸಾಂಡರನ ಕೊಲೆಯಾದ ತರುವಾಯ ಯಹೂದ್ಯರ ಮೇಲೆ ನಡೆದ ದೊಂಬಿಗಳೂ, ಅವರನ್ನು ಮೊದಲಿನಿಂದಲೂ ಹಿಂಡುತ್ತಿದ್ದ ದಾರಿದ್ರ್ಯವೂ ಕೂಡಿ, ಮುಂದಿನ ನಾಲ್ಕು ದಶಕಗಳಲ್ಲಿ ಇಪ್ಪತ್ತು ಲಕ್ಷಕ್ಕೂ ಮೇಲ್ಪಟ್ಟ ಜನರನ್ನು ಅಮೆರಿಕದ ತೀರಕ್ಕೆ ತಂದು ಸೇರಿಸಿದುವು. ಹೀಗೆ ಬಂದವರಲ್ಲಿ ಬಹುಮಂದಿ ಬಾಡಿಗೆಯ ಕೊಠಡಿಗಳಲ್ಲಿಯೋ, ಕೊಂಡುಕೊಂಡ ಹಳೆಯ ಚರ್ಚುಗಳಲ್ಲಿಯೋ ಪ್ರಾರ್ಥನೆ ಸಲ್ಲಿಸುತ್ತಿದ್ದ ಕಾಲದಲ್ಲಿ, ತಮ್ಮದೇ ಆದ ಭವ್ಯಮಂದಿರವೊಂದನ್ನು ಅಡಿಪಾಯದಿಂದಲೇ ಎತ್ತಬೇಕೆಂದು ಈ ಸಭೆಯವರು ಸಂಕಲ್ಪಿಸಿದುದು ಸಾಮಾನ್ಯ ಸಾಹಸವಲ್ಲ. ವಾಸ್ತುಶಿಲ್ಪಿಗಳಾಗಿ ಅವರು ಆರಿಸಿಕೊಂಡದ್ದು ಹರ್ಟರ್ ಸಹೋದರರನ್ನು; ಇವರು ಜರ್ಮನಿಯಿಂದ ಬಂದ ಕ್ಯಾಥೊಲಿಕರು, ವಠಾರಗಳನ್ನು ಕಟ್ಟಿ ಹೆಸರಾದವರು. ಮೂರಿಷ್, ಗಾಥಿಕ್, ರೋಮನೆಸ್ಕ್ ಎಂಬ ಮೂರು ಶೈಲಿಗಳನ್ನು ಅವರು ಇಲ್ಲಿ ಸಂಕೋಚವಿಲ್ಲದೆ ಬೆರೆಸಿದ್ದಾರೆ. ಶುದ್ಧಶೈಲಿಯ ಪಕ್ಷಪಾತಿಗಳು ಮೂಗು ಮುರಿದರೆ ಮುರಿಯಲಿ.

ಒಳಗೆ ಎಪ್ಪತ್ತು ಅಡಿ ಎತ್ತರದ ಕಮಾನಿನ ಛಾವಣಿ, ಮೇಲಂತಸ್ತಿನಲ್ಲಿ ಸ್ತ್ರೀಯರಿಗೆಂದು ಪ್ರತ್ಯೇಕವಾದ ಮೊಗಸಾಲೆ, ಜೆರೂಸಲೇಮಿನ ದಿಕ್ಕಾದ ಪೂರ್ವಕ್ಕೆ ತೋರಾ ಗ್ರಂಥದ ಸುರುಳಿಗಳನ್ನಿರಿಸುವ ಕೆತ್ತನೆಯ ಮಂಟಪ. ಗೋಡೆಗಳಲ್ಲಿ ಅಮೃತಶಿಲೆಯೆಂದು ಕಾಣುವುದು ಬಹುಮಟ್ಟಿಗೆ ಗಾರೆಯ ಮೇಲಿನ ವರ್ಣಚಿತ್ರ. ಬೆಲೆಬಾಳುವ ಮರವೆಂದು ಭ್ರಮೆ ಹುಟ್ಟಿಸುವುದು ಸಾಧಾರಣ ಮರಕ್ಕೆ ಬಣ್ಣದಿಂದ ಬರೆದ ಗೆರೆಗಳು. ಇದನ್ನು ಕಪಟವೆನ್ನಲು ನನಗೆ ಮನಸ್ಸು ಬಾರದು. ವಾರವೆಲ್ಲ ಗಾಳಿಬೆಳಕಿಲ್ಲದ ಕೋಣೆಯಲ್ಲಿ ಬಟ್ಟೆ ಹೊಲಿದವನು ಸಬ್ಬತ್ತಿನ ದಿನ ತಲೆಯೆತ್ತಿ ನೋಡಿದಾಗ ಆತನಿಗೆ ಬೇಕಾಗಿದ್ದುದು ವೈಭವವೇ ಹೊರತು ಗಣಿಯಿಂದ ಬಂದ ಕಲ್ಲಿನ ದಾಖಲೆಯಲ್ಲ. ಸೆಂಡರ್ ಜಾರ್ಮುಲೋವ್ಸ್ಕಿಯಂತಹ ಬ್ಯಾಂಕಿನ ಒಡೆಯರೂ ತಳ್ಳುಗಾಡಿಯ ವ್ಯಾಪಾರಿಗಳೂ ಒಂದೇ ಛಾವಣಿಯಡಿ ಕೂಡುತ್ತಿದ್ದರು. ಪೀಠಗಳಿಗೆ ಮಾತ್ರ ಬೆಲೆಯಿದ್ದಿತು.

1924ರ ವಲಸೆಯ ಶಾಸನ ಹೊಸಬರ ಆಗಮನವನ್ನು ಬಹುವಾಗಿ ತಡೆಯಿತು. ಮೊದಲೇ ಬಂದವರು ಸ್ವಲ್ಪ ಅನುಕೂಲವಾದೊಡನೆ ಬ್ರೂಕ್ಲಿನ್, ಬ್ರಾಂಕ್ಸ್‌ಗಳಿಗೆ ಮನೆ ಬದಲಾಯಿಸಿದರು. ಆರ್ಥಿಕ ಮುಗ್ಗಟ್ಟು ಉಳಿದವರ ಕೈಯನ್ನೂ ಬರಿದುಮಾಡಿತು. ಮಹಾಸಭಾಂಗಣವನ್ನು ಬೆಚ್ಚಗಿಡಲಾಗದೆ, ಸೋರುವ ಛಾವಣಿಯನ್ನು ದುರಸ್ತಿ ಮಾಡಿಸಲಾಗದೆ, 1950ರ ದಶಕದಲ್ಲಿ ಅದಕ್ಕೆ ಬೀಗವಿಕ್ಕಿ, ಅಳಿದುಳಿದ ಕೆಲವರು ಕೆಳಗಿನ ಅಧ್ಯಯನ ಕೊಠಡಿಯಲ್ಲಿ ಪ್ರಾರ್ಥನೆ ಮುಂದುವರಿಸಿದರು. ಮೇಲೆ ಪಾರಿವಾಳಗಳು ಸಂಸಾರ ಹೂಡಿದುವು. ಆದರೂ ನನ್ನ ಮಟ್ಟಿಗೆ ಈ ಕಥೆಯ ಸ್ವಾರಸ್ಯವಿರುವುದು ಇಲ್ಲಿಯೇ. ಸಭೆಯವರ ಕೈಯಲ್ಲಿ ಹಣವಿದ್ದಿದ್ದರೆ, ಕಾಲಕ್ಕೆ ತಕ್ಕಂತೆ ಪೀಠಗಳನ್ನು ಕಿತ್ತು, ಚಿತ್ತಾರವನ್ನು ಸುಣ್ಣದಡಿ ಮುಚ್ಚಿ, ಹಿತ್ತಾಳೆಯ ದೀಪಗುಚ್ಛಗಳನ್ನು ಮಾರಿ, ಮಂದಿರವನ್ನು ನವೀಕರಿಸಿಬಿಡುತ್ತಿದ್ದರು. ಹಣವಿಲ್ಲದ್ದರಿಂದ ಮಳೆ ಧೂಳುಗಳು ಕೆಡಿಸಿದಷ್ಟು ಕೆಟ್ಟಿತೇ ಹೊರತು ಮನುಷ್ಯನ ಅಭಿರುಚಿ ಅದನ್ನು ಕೆಡಿಸಲಿಲ್ಲ.

1970ರ ದಶಕದಲ್ಲಿ ಜೆರಾರ್ಡ್ ವುಲ್ಫ್ ಎಂಬ ಪ್ರಾಧ್ಯಾಪಕರು ಆ ಬೀಗದ ಹಿಂದಿನ ಸಂಪತ್ತನ್ನು ಕಂಡು ಬೆರಗಾಗಿ ಊರಿಗೆ ಸಾರಿದರು. 1986ರಲ್ಲಿ ಪತ್ರಿಕೋದ್ಯೋಗಿ ರಾಬರ್ಟಾ ಬ್ರಾಂಡೀಸ್ ಗ್ರಾಟ್ಜ್ ಅವರು ಜೀರ್ಣೋದ್ಧಾರಕ್ಕೆಂದೇ ಒಂದು ಸಂಸ್ಥೆಯನ್ನು ಸ್ಥಾಪಿಸಿದರು. ಧರ್ಮಭೇದವನ್ನೆಣಿಸದೆ ಎಲ್ಲರಿಂದಲೂ ಸಂಗ್ರಹಿಸಿದ ಧನದಿಂದ, ಸುಮಾರು ಎರಡು ಕೋಟಿ ಡಾಲರುಗಳ ವೆಚ್ಚದಲ್ಲಿ, ಕಾರ್ಯ ಮುಗಿದುದು 2007ರಲ್ಲಿ. ತಲೆಮಾರುಗಳ ಭಕ್ತರು ಪ್ರಾರ್ಥನೆಯ ಲಯಕ್ಕೆ ತೂಗಾಡುತ್ತ ನಿಂತು ಸವೆಸಿದ ನೆಲದ ಹಲಗೆಗಳ ಕುಳಿಗಳನ್ನು ಜೀರ್ಣೋದ್ಧಾರಕರು ತುಂಬಿಸಲಿಲ್ಲ; ಗೋಡೆಯ ಒಂದು ತುಂಡನ್ನು, ಕಿತ್ತ ಗಾರೆಯೊಡನೆ, ಹಾಗೆಯೇ ಬಿಟ್ಟರು.

ಪೂರ್ವದ ಗವಾಕ್ಷವೊಂದು ಮಾತ್ರ ಜಟಿಲ ಪ್ರಶ್ನೆಯಾಯಿತು. ಮೂಲದ ವರ್ಣಗಾಜು ಹಾಳಾಗಿ, 1944ರಲ್ಲಿ ಆ ಜಾಗಕ್ಕೆ ಅಗ್ಗದ ಗಾಜಿನ ಇಟ್ಟಿಗೆಗಳು ಬಂದಿದ್ದುವು. ಮೊದಲಿನದು ಹೇಗಿತ್ತೆಂದು ಹೇಳುವ ಚಿತ್ರವೊಂದೂ ದೊರೆಯಲಿಲ್ಲ. ಊಹೆಯಿಂದ ಹಳೆಯದನ್ನು ಸೃಷ್ಟಿಸುವುದಕ್ಕಿಂತ ಹೊಸದನ್ನೇ ನಿರ್ಮಿಸುವುದು ಪ್ರಾಮಾಣಿಕವೆಂದು ತೀರ್ಮಾನಿಸಿ, ಕಲಾವಿದೆ ಕಿಕಿ ಸ್ಮಿತ್ ಮತ್ತು ವಾಸ್ತುಶಿಲ್ಪಿ ಡೆಬೊರಾ ಗ್ಯಾನ್ಸ್ ಅವರಿಗೆ ಕೆಲಸವನ್ನು ಒಪ್ಪಿಸಿದರು. 2010ರಲ್ಲಿ ಅಲ್ಲಿ ನೆಲೆಗೊಂಡ ನೀಲಿಯ ಆಕಾಶವೂ ಹೊನ್ನಿನ ನಕ್ಷತ್ರಗಳೂ ಹಳೆಯ ಗೋಡೆಯ ಬಣ್ಣದ ನಕ್ಷತ್ರಗಳೊಡನೆ ಕಲಹವಾಡುವುದಿಲ್ಲ. ಗಾಜಿನ ಇಟ್ಟಿಗೆಗಳೂ ಆ ಬಡತನದ ಸಾಕ್ಷಿಗಳೇ ಆದುದರಿಂದ ಅವನ್ನೇ ಉಳಿಸಬಹುದಾಗಿತ್ತೆಂಬ ವಾದವನ್ನು ನಾನು ಪೂರ್ತಿಯಾಗಿ ತಳ್ಳಿಹಾಕಲಾರೆ.

ಸಂಗ್ರಹಾಲಯದಲ್ಲಿ ಪ್ರದರ್ಶನಗಳೂ ಉಪನ್ಯಾಸಗಳೂ ಸಂಗೀತವೂ ನಡೆಯುತ್ತಿರುತ್ತವೆ. ಇವೆಲ್ಲಕ್ಕಿಂತ ಜನಪ್ರಿಯವಾದುದು ಬೀದಿಯ ವಾರ್ಷಿಕ ಹಬ್ಬ. ಯಹೂದ್ಯರ ಎಗ್ ಕ್ರೀಮ್ ಪಾನೀಯ, ಚೀನೀಯರ ಎಗ್ ರೋಲ್, ಪೋರ್ಟೊರಿಕೋದವರ ಎಂಪನಾಡ, ಈ ಮೂರರ ಹೆಸರಿನಲ್ಲಿಯೇ ನಡೆಯುವ ಆ ಉತ್ಸವದಲ್ಲಿ ನೆರೆಹೊರೆಯವರೆಲ್ಲ ಸೇರುತ್ತಾರೆ. ಮಾಜಾಂಗ್ ಆಟದಲ್ಲಿ ಯಹೂದ್ಯ ಅಜ್ಜಿಯರೂ ಚೀನೀ ಅಜ್ಜಿಯರೂ ಸಮಾನ ಪ್ರವೀಣೆಯರಾದುದರಿಂದ, ಆಟದ ಮೇಜುಗಳಿಗೂ ಅಲ್ಲಿ ಎಡೆಯುಂಟು.