ಮಹಾತ್ಮನ ಬದಿಯಲ್ಲಿ ಕುಳಿತು ಬರೆದವರು

ಆಗಸ್ಟ್ 15 ಬಂತೆಂದರೆ ಮುಂಬಯಿ, ಪುಣೆಗಳ ನಮ್ಮ ಸಂಘ-ಸಂಸ್ಥೆಗಳಲ್ಲಿ ಧ್ವಜಾರೋಹಣದ ಸಂಭ್ರಮ. ಗಾಂಧೀಜಿಯ ಭಾವಚಿತ್ರಕ್ಕೆ ಹಾರ ಹಾಕಿ, ಮಕ್ಕಳಿಗೆ ಸಿಹಿ ಹಂಚಿ, ಹಿರಿಯರು ನಾಲ್ಕು ಮಾತನಾಡುವುದು ವಾಡಿಕೆ. ಸ್ವಾತಂತ್ರ್ಯ ಬರುವುದಕ್ಕೆ ಸರಿಯಾಗಿ ಐದು ವರ್ಷ ಮೊದಲು, 1942ರ ಅದೇ ಆಗಸ್ಟ್ 15ರಂದು, ಪುಣೆಯ ಆಗಾಖಾನ್ ಅರಮನೆಯ ಸೆರೆಯಲ್ಲಿ ಐವತ್ತರ ಪ್ರಾಯದ ಒಬ್ಬರು ಹೃದಯಾಘಾತದಿಂದ ತೀರಿಕೊಂಡರು. ಅವರ ದೇಹಕ್ಕೆ ಗಾಂಧೀಜಿಯೇ ಕೈಯಾರೆ ಸ್ನಾನ ಮಾಡಿಸಿದರು. ಅವರೇ ಮಹಾದೇವ ದೇಸಾಯಿ, ಇಪ್ಪತ್ತೈದು ವರ್ಷ ಗಾಂಧೀಜಿಯ ಕಾರ್ಯದರ್ಶಿಯಾಗಿದ್ದವರು.

ಗಾಂಧೀಜಿಯ ಬಗ್ಗೆ ನಮಗೆ ಎಲ್ಲ ಗೊತ್ತು ಎಂಬ ಭಾವನೆ ಹಲವರಲ್ಲಿದೆ. ಆದರೆ ಅವರು ಬೆಳಿಗ್ಗೆ ಯಾರಿಗೆ ಪತ್ರ ಬರೆಸಿದರು, ಯಾರ ಮೇಲೆ ಸಿಟ್ಟಾದರು, ಯಾವ ಮಾತಿಗೆ ನಕ್ಕರು ಎಂಬುದೆಲ್ಲ ತಿಳಿಯಬೇಕಾದರೆ ಹತ್ತಿರದಲ್ಲಿದ್ದವರು ಬರೆದಿಟ್ಟ ಪುಸ್ತಕಗಳನ್ನೇ ತೆರೆಯಬೇಕು.

ಬ್ಯಾಂಕ್ ನೌಕರಿ ಬಿಟ್ಟು ಬಂದವರು

ಮಹಾದೇವ ದೇಸಾಯಿ ಹುಟ್ಟಿದ್ದು 1892ರ ಜನವರಿ 1ರಂದು, ಸೂರತ್ ಜಿಲ್ಲೆಯ ಸರಸ ಗ್ರಾಮದಲ್ಲಿ. ತಂದೆ ಶಾಲಾ ಮಾಸ್ತರರು. ಓದಿದ್ದು ನಮ್ಮ ಮುಂಬಯಿಯ ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ. ಬಿ.ಎ., ಎಲ್.ಎಲ್.ಬಿ. ಮುಗಿಸಿದ ಮೇಲೆ ಅವರಿಗೆ ಸಿಕ್ಕಿದ್ದು ಮುಂಬಯಿಯ ಸೆಂಟ್ರಲ್ ಕೋ-ಆಪರೇಟಿವ್ ಬ್ಯಾಂಕಿನಲ್ಲಿ ಕೆಲಸ. ಹಳ್ಳಿಗಳ ಸಹಕಾರಿ ಸಂಘಗಳ ತಪಾಸಣೆ ಅವರ ಪಾಲಿಗಿತ್ತು. ಬ್ಯಾಂಕಿನ ಗುಮಾಸ್ತನಾಗಿ ಸಂಬಳ ಎಣಿಸುವ ನನ್ನಂಥವನಿಗೆ ಈ ಸಂಗತಿ ಓದಿದಾಗ ಸಂತೋಷವೂ ಆಯಿತು, ಸ್ವಲ್ಪ ಭಯವೂ ಆಯಿತು. ಹೆಂಡತಿ, ಸಂಸಾರ ಇರುವವನು ಭದ್ರವಾದ ನೌಕರಿ ಬಿಡುವುದೆಂದರೆ ಸಣ್ಣ ಮಾತಲ್ಲ. 1917ರಲ್ಲಿ ಗಾಂಧೀಜಿ ಕರೆದಾಗ ಅವರು ಬಿಟ್ಟರು. ಪತ್ನಿ ದುರ್ಗಾಬೆನ್ ಕೂಡ ಜೊತೆಗೇ ಹೊರಟರು.

ಅಂದಿನಿಂದ ಸಾಯುವ ಹಿಂದಿನ ದಿನದವರೆಗೆ ಮಹಾದೇವ ದೇಸಾಯಿ ದಿನಚರಿ ಬರೆದರು. ನಾವು ಬ್ಯಾಂಕಿನವರು ಸಂಜೆ ಲೆಕ್ಕ ತಾಳೆಯಾಗದೆ ಮನೆಗೆ ಹೋಗುವಂತಿಲ್ಲ. ಅವರದ್ದೂ ಅಂಥದ್ದೇ ಶಿಸ್ತು, ಆದರೆ ರಜೆ ಇಲ್ಲದ ಶಿಸ್ತು. ಗುಜರಾತಿಯಲ್ಲಿ ಈ ದಿನಚರಿ ಇಪ್ಪತ್ತಕ್ಕೂ ಹೆಚ್ಚು ಸಂಪುಟಗಳಾಗಿ ಬಂದಿದೆ. 1955ರಲ್ಲಿ ಇದಕ್ಕೆ ಮರಣೋತ್ತರವಾಗಿ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಸಂದಿತು. ಜಗತ್ತು ಇಂಗ್ಲಿಷಿನಲ್ಲಿ ಓದುವ ಗಾಂಧೀಜಿಯ ಆತ್ಮಕಥೆಯೂ ಬಹುಪಾಲು ಅವರದೇ ಅನುವಾದ. ಅವರು ಬಾರ್ಡೋಲಿಯ ಕೆಲಸಕ್ಕೆ ಹೋದಾಗ ಕೆಲವು ಅಧ್ಯಾಯಗಳನ್ನು ಪ್ಯಾರೇಲಾಲ್ ಮಾಡಿಕೊಟ್ಟರು. 1921ರಲ್ಲಿ ಅಲಹಾಬಾದಿನಲ್ಲಿ 'ಇಂಡಿಪೆಂಡೆಂಟ್' ಪತ್ರಿಕೆಯ ಮುದ್ರಣಾಲಯವನ್ನು ಸರಕಾರ ವಶಪಡಿಸಿಕೊಂಡಾಗ, ಕೈಬರಹದಲ್ಲೇ ಪತ್ರಿಕೆ ಬರೆದು ಸೈಕ್ಲೋಸ್ಟೈಲ್ ಮಾಡಿ ಹೊರತಂದು ಜೈಲಿಗೆ ಹೋದವರೂ ಇವರೇ.

ಕನ್ನಡಿಗರು ನೆನಪಿಡಬೇಕಾದ ಇನ್ನೊಂದು ವಿಷಯವಿದೆ. 1933ರಲ್ಲಿ ಅವರನ್ನು ಬೆಳಗಾವಿಯ ಜೈಲಿನಲ್ಲಿ ಇಟ್ಟಿದ್ದರು. ಗಾಂಧೀಜಿ ಗುಜರಾತಿಯಲ್ಲಿ ಮಾಡಿದ್ದ ಗೀತೆಯ ಅನುವಾದವನ್ನು ಅವರು ಇಂಗ್ಲಿಷಿಗೆ ತಂದು, ಅದಕ್ಕೆ ದೀರ್ಘವಾದ ಮುನ್ನುಡಿ ಬರೆದದ್ದು ಆ ಸೆರೆವಾಸದಲ್ಲಿ. ಅದು ಪುಸ್ತಕವಾಗಿ ಬಂದದ್ದು 1946ರಲ್ಲಿ. ನೋಡಲು ಅವರು ಉಳಿದಿರಲಿಲ್ಲ.

ಮಗ ಬರೆದ ತಂದೆಯ ಕಥೆ

ಇಷ್ಟೆಲ್ಲ ಬರೆದ ಮನುಷ್ಯ ತನ್ನ ಆತ್ಮಕಥೆ ಬರೆಯಲಿಲ್ಲ. ದಿನಚರಿಯ ಪುಟಗಳಲ್ಲಿ ಬಾಪು ಇದ್ದಾರೆ, ಸರದಾರ ಪಟೇಲರಿದ್ದಾರೆ, ಬಂದು ಹೋದ ನೂರಾರು ಜನರಿದ್ದಾರೆ. ಬರೆದವರು ಮಾತ್ರ ಹಿಂದೆ ಸರಿದು ನಿಂತಿದ್ದಾರೆ. ಆ ಕೊರತೆ ತುಂಬಿದವರು ಮಗ ನಾರಾಯಣ ದೇಸಾಯಿ. ತಂದೆ ತೀರಿಕೊಂಡಾಗ ಅವರಿಗೆ ಹದಿನೇಳು ವರ್ಷ. ಆಶ್ರಮದಲ್ಲೇ ಬೆಳೆದ ಹುಡುಗ. ತಂದೆಯ ಜನ್ಮಶತಾಬ್ದಿಯ ಹೊತ್ತಿಗೆ, ಅಂದರೆ ಐವತ್ತು ವರ್ಷಗಳ ನಂತರ, ಅವರು ಬರೆದ ಗುಜರಾತಿ ಜೀವನಚರಿತ್ರೆಗೆ 1993ರಲ್ಲಿ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಇಂಗ್ಲಿಷಿನಲ್ಲಿ ಅದು 'ದಿ ಫೈರ್ ಆಂಡ್ ದಿ ರೋಸ್' ಎಂಬ ಹೆಸರಿನಲ್ಲಿದೆ. ಬಳಿಕ ಗಾಂಧೀಜಿಯ ಜೀವನವನ್ನು ನಾಲ್ಕು ಸಂಪುಟಗಳಲ್ಲಿ ಬರೆದು, ಊರೂರಿಗೆ ಹೋಗಿ ಗಾಂಧಿಕಥೆ ಹೇಳುತ್ತಿದ್ದ ಅವರು 2015ರಲ್ಲಿ ನಿಧನರಾದರು.

ಇಂಥ ಪುಸ್ತಕಗಳ ದೊಡ್ಡತನ ಇರುವುದು ಹೊಗಳಿಕೆಯಲ್ಲಲ್ಲ. 1938ರ ಪುರಿ ಪ್ರಸಂಗವನ್ನೇ ನೋಡಿ. ಹರಿಜನರಿಗೆ ಪ್ರವೇಶವಿಲ್ಲದ ಜಗನ್ನಾಥ ಮಂದಿರದೊಳಗೆ ಕಸ್ತೂರಬಾ ಮತ್ತು ದುರ್ಗಾಬೆನ್ ಹೋಗಿಬಂದರು. ಗಾಂಧೀಜಿ ಬಹಳ ನೊಂದರು. ಸರಿಯಾಗಿ ತಿಳಿಹೇಳಲಿಲ್ಲ ಎಂದು ಮಹಾದೇವರನ್ನೇ ಆಕ್ಷೇಪಿಸಿದರು. ಬಿಟ್ಟುಹೋಗುತ್ತೇನೆ ಎನ್ನುವವರೆಗೆ ಮಹಾದೇವರ ಮನಸ್ಸು ಮುರಿಯಿತು, ಗಾಂಧೀಜಿ ಬಿಡಲಿಲ್ಲ. ಈ ಮನೆಯೊಳಗಿನ ನೋವು 'ಹರಿಜನ' ಪತ್ರಿಕೆಯಲ್ಲಿ ಅಚ್ಚಾಯಿತು! ಮುಚ್ಚಿಡುವ ಅಭ್ಯಾಸ ಅವರಲ್ಲಿ ಯಾರಿಗೂ ಇರಲಿಲ್ಲ.

ಉಳಿದ ಒಡನಾಡಿಗಳು

ಮಹಾದೇವರ ನಂತರ ಆ ಹೊಣೆ ಹೊತ್ತ ಪ್ಯಾರೇಲಾಲ್ ಅವರ 'ದಿ ಲಾಸ್ಟ್ ಫೇಸ್' (1956, 1958) ಗಾಂಧೀಜಿಯ ಕೊನೆಯ ವರ್ಷಗಳಿಗೆ ಆಧಾರ ಗ್ರಂಥ. ಅವರ ತಂಗಿ ಡಾ. ಸುಶೀಲಾ ನಯ್ಯರ್ ಆಗಾಖಾನ್ ಅರಮನೆಯ ಸೆರೆವಾಸದ ಕಥೆಯನ್ನು ಹಿಂದಿಯಲ್ಲಿ ಬರೆದಿದ್ದಾರೆ. 1944ರ ಫೆಬ್ರವರಿಯಲ್ಲಿ ಕಸ್ತೂರಬಾ ಕಣ್ಣುಮುಚ್ಚಿದ್ದೂ ಅಲ್ಲೇ. ನವಖಾಲಿಯಲ್ಲಿ ಜೊತೆಗಿದ್ದ ನಿರ್ಮಲ್ ಕುಮಾರ್ ಬೋಸ್, ಗಾಂಧೀಜಿಯ ಬ್ರಹ್ಮಚರ್ಯ ಪ್ರಯೋಗಗಳನ್ನು ಒಪ್ಪದೆ ದೂರ ಸರಿದವರು. ಅವರ 'ಮೈ ಡೇಸ್ ವಿತ್ ಗಾಂಧಿ' (1953) ಭಕ್ತಿಯಿಂದಲ್ಲ, ಪ್ರಾಮಾಣಿಕತೆಯಿಂದ ಬರೆದ ಪುಸ್ತಕ. ಮನು ಗಾಂಧಿಯ ದಿನಚರಿ ತ್ರಿದೀಪ್ ಸುಹೃದ್ ಅವರ ಇಂಗ್ಲಿಷ್ ಅನುವಾದದಲ್ಲಿ 2019ರಲ್ಲಿ ಬರತೊಡಗಿತು. ಕನ್ನಡದಲ್ಲಿ ಮೊದಲು ಗೊರೂರರು ಅನುವಾದಿಸಿದ ಆತ್ಮಕಥೆ, ನಂತರ ಡಿ.ಎಸ್. ನಾಗಭೂಷಣ ಅವರ 'ಗಾಂಧಿ ಕಥನ', ಮಕ್ಕಳಿಗೆ ಬೊಳುವಾರು ಅವರ 'ಪಾಪು ಗಾಂಧಿ ಗಾಂಧಿ ಬಾಪು ಆದ ಕಥೆ' ಓದಿದರೆ ಒಳ್ಳೆಯ ಬುನಾದಿಯಾಗುತ್ತದೆ. ಮುಂಬಯಿಯವರಿಗೆ ಗಾಂವ್‌ದೇವಿಯ ಮಣಿಭವನದ ಗ್ರಂಥಾಲಯ ಲೋಕಲ್ ರೈಲಿನ ದಾರಿಯಲ್ಲೇ ಇದೆ.

ನಮ್ಮ ಸಂಘಗಳಿಗೊಂದು ವಿನಂತಿ

ಗಾಂಧಿ ಜಯಂತಿಯಂದು ಭಾಷಣಗಳ ಜೊತೆಗೆ ಇಂಥ ಒಂದು ಪುಸ್ತಕದಿಂದ ಹತ್ತು ಪುಟ ಯುವಕರಿಂದ ಓದಿಸಿದರೆ ಹೇಗೆ? ಪುಣೆಗೆ ಪ್ರವಾಸ ಹೊರಟಾಗ ಆಗಾಖಾನ್ ಅರಮನೆಯಲ್ಲಿ ಅಕ್ಕಪಕ್ಕ ಇರುವ ಕಸ್ತೂರಬಾ ಮತ್ತು ಮಹಾದೇವರ ಸಮಾಧಿಗಳನ್ನು ಮಕ್ಕಳಿಗೆ ತೋರಿಸಬಹುದಲ್ಲವೇ?

ಇನ್ನೊಂದು ಮಾತು. ಊರು ಬಿಟ್ಟು ಬಂದು, ಹಗಲು ಹೋಟೆಲಿನಲ್ಲಿ ದುಡಿದು, ರಾತ್ರಿ ಶಾಲೆಯಲ್ಲಿ ಕಲಿತು ಈ ಸಂಘಗಳನ್ನು ಕಟ್ಟಿದ ನಮ್ಮ ಹಿರಿಯರು ಒಬ್ಬೊಬ್ಬರಾಗಿ ಅಗಲುತ್ತಿದ್ದಾರೆ. ಅವರ ಮಾತುಗಳು ಅವರೊಂದಿಗೇ ಹೋಗುತ್ತಿವೆ. ಅಧ್ಯಕ್ಷರ ಹೆಸರು ಗೋಡೆಯ ಫಲಕದಲ್ಲಿ ಉಳಿಯುತ್ತದೆ. ಸಭೆಯ ನಡಾವಳಿ ಬರೆದಿಟ್ಟ ಕಾರ್ಯದರ್ಶಿಯ ಹೆಸರು ಎಷ್ಟು ಜನರಿಗೆ ನೆನಪಿದೆ? ಪ್ರತಿ ಸಂಘದಲ್ಲೂ ಒಬ್ಬರಾದರೂ ಒಂದು ನೋಟ್‌ಬುಕ್ ಹಿಡಿದು ಹಿರಿಯರ ಬದಿಯಲ್ಲಿ ಕುಳಿತುಕೊಳ್ಳಲಿ. ಬರೆದಿಟ್ಟರೆ ಮಾತ್ರ ಮುಂದಿನವರಿಗೆ ಓದಲು ಸಿಗುತ್ತದೆ.