ಲಿಖಿತ ಪಠ್ಯ ಮತ್ತು ಆಶುಮಾತು: ಮಾಸ್ಟರ್ ಹಿರಣ್ಣಯ್ಯನವರ ಹಾಸ್ಯ

ಬೆಂಗಳೂರು ಗ್ರಾಮಾಂತರ ಜಿಲ್ಲೆಯೂ ಸೇರಿದಂತೆ ದಕ್ಷಿಣದ ಬಯಲುಸೀಮೆಯಲ್ಲಿ ಪ್ರಚಲಿತವಿದ್ದ ಮೂಡಲಪಾಯ ಬಯಲಾಟದಲ್ಲಿ ಸಾರಥಿಯದು ವಿಶಿಷ್ಟ ಪಾತ್ರ. ರಂಗಕ್ಕೆ ಬಂದ ರಾಜನನ್ನು ತಡೆದು ಹೆಸರು, ಊರು ವಿಚಾರಿಸುವವನು ಅವನೇ. ಆ ನೆಪದಲ್ಲಿ ಊರಿನ ಸಮಾಚಾರವನ್ನು ಎಳೆದು ತರುವವನೂ ಅವನೇ. ಪ್ರಸಂಗದ ಪದಗಳು ಹಸ್ತಪ್ರತಿಗಳಲ್ಲಿ ಉಳಿದುಬಂದಿವೆ. ಸಾರಥಿಯ ಆಶುಮಾತು ಬಹುಮಟ್ಟಿಗೆ ಆ ರಾತ್ರಿಗೇ ಮುಗಿದುಹೋಗಿದೆ. ವೃತ್ತಿರಂಗಭೂಮಿಯ ಹಾಸ್ಯನಟರ ಅಧ್ಯಯನದಲ್ಲಿಯೂ ಇದೇ ತೊಡಕು ಎದುರಾಗುತ್ತದೆ. ಮಾಸ್ಟರ್ ಹಿರಣ್ಣಯ್ಯನವರು (1934–2019) ಇದಕ್ಕೆ ಸ್ಪಷ್ಟ ನಿದರ್ಶನ.

ಮೈಸೂರಿನಲ್ಲಿ ಜನಿಸಿದ ಇವರ ಮೂಲ ಹೆಸರು ನರಸಿಂಹಮೂರ್ತಿ. ತಂದೆ ಕೆ. ಹಿರಣ್ಣಯ್ಯನವರು ನಟರು, ನಾಟಕಕಾರರು; 1943ರಲ್ಲಿ ತೆರೆಕಂಡ ‘ವಾಣಿ’ ಚಿತ್ರದ ನಿರ್ದೇಶಕರು. 1953ರಲ್ಲಿ ತಂದೆ ನಿಧನರಾದ ತರುವಾಯ ಹಿರಣ್ಣಯ್ಯ ಮಿತ್ರಮಂಡಳಿಯ ಹೊಣೆ ಮಗನ ಹೆಗಲಿಗೇರಿತು. ಗುಬ್ಬಿ ವೀರಣ್ಣನವರೂ ಕಂಪನಿಯ ಒಡೆಯರೇ, ಹಾಸ್ಯನಟರೇ. ಆದರೆ ಅವರಿಗೆ ನಾಟಕ ಬರೆದುಕೊಡಲು ಬೆಳ್ಳಾವೆ ನರಹರಿಶಾಸ್ತ್ರಿಗಳಂಥವರಿದ್ದರು. ಮಾಸ್ಟರ್ ಹಿರಣ್ಣಯ್ಯನವರಲ್ಲಿ ಬರೆಯುವವನು, ಆಡುವವನು, ಮಂಡಳಿ ನಡೆಸುವವನು ಒಬ್ಬನೇ ಆದುದರಿಂದ ಮಾತಿಗೆ ಲಗಾಮು ಹಾಕುವವರು ಒಳಗಡೆ ಯಾರೂ ಇರಲಿಲ್ಲ. ಅವರ ಸ್ವಾತಂತ್ರ್ಯದ ಆಧಾರ ಇಲ್ಲಿದೆ. ನಷ್ಟ ಬಂದರೆ ಹೊರಬೇಕಾದವರೂ ಅವರೇ ಎಂಬುದನ್ನು ಮರೆಯುವಂತಿಲ್ಲ.

‘ಲಂಚಾವತಾರ’, ‘ಭ್ರಷ್ಟಾಚಾರ’, ‘ನಡುಬೀದಿ ನಾರಾಯಣ’ ಇವುಗಳ ಕಥಾಹಂದರ ಸರಳವಾದುದು. ‘ಲಂಚಾವತಾರ’ ಹತ್ತು ಸಾವಿರಕ್ಕೂ ಮಿಕ್ಕಿ ಪ್ರಯೋಗ ಕಂಡಿತೆಂದು ಹೇಳಲಾಗುತ್ತದೆ. ಒಮ್ಮೆ ನೋಡಿದ ಪ್ರೇಕ್ಷಕರು ಮತ್ತೆ ಟಿಕೆಟ್ ಕೊಂಡದ್ದು ಕಥೆಗಾಗಿ ಅಲ್ಲ. ಅಂದಿನ ರಾಜಕಾರಣದ ಸಂಗತಿ ಆ ರಾತ್ರಿಯ ಸಂಭಾಷಣೆಯಲ್ಲಿ ಸೇರಿಕೊಳ್ಳುತ್ತಿತ್ತು. ಅಧಿಕಾರಸ್ಥರನ್ನು ಹೆಸರು ಹಿಡಿದೇ ಲೇವಡಿ ಮಾಡುವುದು ಅವರ ರೂಢಿ. ಪಾತ್ರದ ಮಾತು ಎಲ್ಲಿ ಮುಗಿಯಿತು, ನಟನ ಸ್ವಂತ ಮಾತು ಎಲ್ಲಿ ಮೊದಲಾಯಿತು ಎಂದು ಗೆರೆ ಎಳೆಯುವುದು ಕಷ್ಟ. ಈ ಬಗೆಯನ್ನು ಭಾಷಣವೆಂದು ಆಕ್ಷೇಪಿಸುವುದು ಸುಲಭ; ಕೆಲವೆಡೆ ಕಥೆ ನಿಂತುಹೋಗುವುದೂ ನಿಜವೇ. ಆದರೆ ಸಾರಥಿಯನ್ನು ಬಲ್ಲವರಿಗೆ ಅದು ದೋಷವಾಗಿ ತೋರದು. ಕಥೆಯನ್ನು ನಿಲ್ಲಿಸಿ ಸಭೆಯೊಡನೆ ಮಾತನಾಡುವ ಹಕ್ಕನ್ನು ನಮ್ಮ ಬಯಲಾಟ ಹಾಸ್ಯಗಾರನಿಗೆ ಎಂದೋ ಕೊಟ್ಟಿದೆ. ಈ ಸಾಮ್ಯವನ್ನು ನೇರ ಪ್ರಭಾವವೆಂದು ಹೇಳಬೇಕಾಗಿಲ್ಲ. ಪ್ರೇಕ್ಷಕರ ನಿರೀಕ್ಷೆ ಎರಡೂ ಕಡೆ ಒಂದೇ ಬಗೆಯದಾಗಿತ್ತು ಎನ್ನುವುದು ಹೆಚ್ಚು ಸರಿ.

ಆದ್ದರಿಂದ ಮುದ್ರಿತ ನಾಟಕವೊಂದನ್ನೇ ಆಧರಿಸಿದ ವಿಮರ್ಶೆ ಇವರಿಗೆ ನ್ಯಾಯ ಸಲ್ಲಿಸಲಾರದು. ಮನೆಮನೆಗಳಲ್ಲಿ ಕೇಳಿಬರುತ್ತಿದ್ದ ಧ್ವನಿಸುರುಳಿಗಳು ಒಂದೊಂದು ಕಾಲದ ಮಾತನ್ನು ಹಿಡಿದಿಟ್ಟಿವೆ. ಗ್ರಂಥಾಲಯಗಳು ಅವುಗಳನ್ನು ಮನರಂಜನೆಯ ಸರಕೆಂದು ಬಗೆಯದೆ ಪಾಠಾಂತರಗಳೆಂದೇ ಸಂಗ್ರಹಿಸಿ, ಧ್ವನಿಮುದ್ರಣದ ಕಾಲ, ಸ್ಥಳಗಳೊಡನೆ ದಾಖಲಿಸಬೇಕಾಗಿದೆ. ಕ್ಯಾಸೆಟ್ಟಿನ ಕಾಂತಪಟ್ಟಿಯ ಆಯುಷ್ಯ ಕಾಗದದಷ್ಟು ದೀರ್ಘವಲ್ಲ.