ಯೆಹೂದ್ಯನಾರೆಂದು ನಿರ್ಣಯಿಸುವವರಾರು?

ಯೆಹೂದ್ಯರೆಂದೊಡನೆ ನಮ್ಮ ವಿದ್ಯಾವಂತರ ಕಣ್ಣೆದುರಿಗೆ ಬರುವುದು ಯೂರೋಪಿನ ಬಿಳಿಯ ಜನರ ಚಿತ್ರವೇ. ಹಿಟ್ಲರನ ಆಳಿಕೆಯಲ್ಲಿ ಅರುವತ್ತು ಲಕ್ಷ ಮಂದಿ ಹತರಾದ ಘೋರ ವೃತ್ತಾಂತವನ್ನೂ, 1948ರಲ್ಲಿ ಇಸ್ರೇಲ್ ರಾಜ್ಯವು ಸ್ಥಾಪಿತವಾದ ಸಂಗತಿಯನ್ನೂ ಬಲ್ಲವರು, ಅವರೆಲ್ಲ ಒಂದೇ ಬಣ್ಣದ, ಒಂದೇ ನುಡಿಯ ಜನವೆಂದು ಭಾವಿಸಿದರೆ ಅದು ಆಶ್ಚರ್ಯವಲ್ಲ. ಆದರೆ ವಸ್ತುಸ್ಥಿತಿಯು ಹಾಗಿಲ್ಲ. ಪೋಲೆಂಡು ಮತ್ತು ರಷ್ಯಗಳ ಅಷ್ಕೆನಾಜಿ ಯೆಹೂದ್ಯರು ಜರ್ಮನ್ ಮೂಲದ ಯಿಡ್ಡಿಷ್ ನುಡಿಯನ್ನಾಡಿದರು. 1492ರಲ್ಲಿ ಸ್ಪೇಯಿನಿನಿಂದ ಹೊರದೂಡಲ್ಪಟ್ಟ ಸೆಫಾರ್ಡಿಗಳು ತುರ್ಕರ ರಾಜ್ಯಕ್ಕೆ ಹೋಗಿ ನೆಲಸಿದ ಮೇಲೂ ಸ್ಪೇಯಿನಿನ ಭಾಷೆಯನ್ನು ಬಿಡಲಿಲ್ಲ. ಬಾಗ್ದಾದಿನವರದು ಅರಬ್ಬಿ. ಇಥಿಯೋಪಿಯದ ಯೆಹೂದ್ಯರು ತಮ್ಮ ಧರ್ಮಗ್ರಂಥವನ್ನು ಆ ದೇಶದ ಪುರಾತನವಾದ ಗೀಜ್ ಭಾಷೆಯಲ್ಲಿ ಓದುತ್ತಿದ್ದರು; ಉಳಿದವರಿಗೆ ಪ್ರಮಾಣವಾದ ತಲ್ಮೂದ್ ಎಂಬ ಮಹಾಭಾಷ್ಯದ ಹೆಸರನ್ನೂ ಅವರು ಕೇಳಿರಲಿಲ್ಲ. ಕರಾಯಿತರೆಂಬ ಪಂಗಡದವರಾದರೋ ಅದನ್ನು ತಿಳಿದೂ ನಿರಾಕರಿಸಿದರು.

ಭಾಷೆ, ಉಡುಗೆ, ವರ್ಣಗಳಲ್ಲಿ ಇಷ್ಟು ಭೇದವುಳ್ಳವರನ್ನು ಒಂದು ಜನವೆನ್ನಲು ಆಧಾರವೇನು? ಮೋಶೆಯ ಧರ್ಮಶಾಸ್ತ್ರ, ಶನಿವಾರದ ಸಬ್ಬತ್, ಸುನ್ನತಿ, ಆಹಾರನಿಯಮ, ಒಬ್ಬನೇ ದೇವರೆಂಬ ಘೋಷಣೆ ಎಂದು ಉತ್ತರ ಹೇಳಬಹುದು. ಉತ್ತರವು ಸುಲಭ, ಅದನ್ನು ಅನ್ವಯಿಸುವುದು ಸುಲಭವಲ್ಲ. ಇವನು ನಮ್ಮವನು, ಅವನು ಅಲ್ಲ ಎಂದು ನಿರ್ಣಯಿಸುವ ಅಧಿಕಾರ ಯಾರದು ಎಂಬ ವಿವಾದವು ಆ ಜನರೊಳಗೆ ಬಹುಕಾಲದಿಂದ ನಡೆದಿದೆ. ಇದಕ್ಕೆ ನಿದರ್ಶನವನ್ನು ದೂರದಲ್ಲಿ ಹುಡುಕಬೇಕಾಗಿಲ್ಲ. ನಮ್ಮ ಪಶ್ಚಿಮ ಸಮುದ್ರದ ಕರಾವಳಿಯೇ ಅದನ್ನು ಒದಗಿಸುತ್ತದೆ.

ಮುಂಬಯಿಯ ದಕ್ಷಿಣಕ್ಕೆ ಕೊಂಕಣದ ಹಳ್ಳಿಗಳಲ್ಲಿ ಬೆನೆ ಇಸ್ರೇಲರೆಂಬವರು ಶತಮಾನಗಳಿಂದ ಬಾಳಿದರು. ನವಗಾಂವಿನ ಬಳಿ ಹಡಗು ಒಡೆದು, ಏಳು ಮಂದಿ ಗಂಡಸರೂ ಏಳು ಮಂದಿ ಹೆಂಗಸರೂ ಉಳಿದರೆಂದೂ ತಾವು ಅವರ ಸಂತತಿಯೆಂದೂ ಅವರು ಹೇಳಿಕೊಳ್ಳುವರು. ಅವರ ಮಾತು ಮರಾಠಿ. ಪೇಣಕರ, ನವಗಾಂವಕರ, ಕಿಹೀಮಕರ ಎಂದು ಅವರ ಅಡ್ಡಹೆಸರುಗಳು ಊರುಗಳಿಂದ ಬಂದವು. ಗಾಣವಾಡಿಸಿ ಎಣ್ಣೆ ತೆಗೆಯುವುದು ಅವರ ಕಸುಬು. ಶನಿವಾರ ಗಾಣ ಕಟ್ಟದ ಕಾರಣ ನೆರೆಹೊರೆಯವರು ಅವರನ್ನು ‘ಶನಿವಾರ ತೇಲಿ’ಗಳೆಂದು, ಎಂದರೆ ಶನಿವಾರದ ಗಾಣಿಗರೆಂದು ಕರೆದರು. ಹೀಬ್ರೂ ಗ್ರಂಥಗಳೂ ಪುರೋಹಿತರೂ ಇಲ್ಲದಿದ್ದರೂ, ಪ್ರಾರ್ಥನೆಯ ಒಂದು ವಾಕ್ಯವನ್ನು ಅವರು ತಲೆಮಾರಿನಿಂದ ತಲೆಮಾರಿಗೆ ಬಾಯಿಪಾಠವಾಗಿ ಉಳಿಸಿಕೊಂಡರು. ಪ್ರವಾದಿ ಎಲೀಯನ ಹೆಸರಿನಲ್ಲಿ ಅವಲಕ್ಕಿ, ತೆಂಗಿನಕಾಯಿ ಮತ್ತು ಹಣ್ಣುಗಳ ‘ಮಲಿದಾ’ ಮಾಡಿ ಹಂಚುವ ಅವರ ಆಚಾರವು ಬೇರೆ ದೇಶದ ಯೆಹೂದ್ಯರಿಗೆ ತಿಳಿಯದು. ದಾವಿದ್ ರಹಾಬಿ ಎಂಬ ವಿದ್ವಾಂಸನು ಬಂದು, ನಾನಾ ಬಗೆಯ ಮೀನುಗಳನ್ನು ತರಿಸಿ ಹೆಂಗಸರ ಮುಂದಿಟ್ಟನೆಂದೂ, ಅವರು ರೆಕ್ಕೆ ಪೊರೆಗಳಿಲ್ಲದ ಮೀನುಗಳನ್ನು ಅಡಿಗೆಗೆ ಒಲ್ಲೆವೆಂದು ಬೇರೆ ತೆಗೆದಿಟ್ಟುದನ್ನು ಕಂಡು ಇವರು ನಮ್ಮವರೇ ಎಂದು ನಿಶ್ಚಯಿಸಿದನೆಂದೂ ಐತಿಹ್ಯವುಂಟು. ಆತನು ವಂಶಾವಳಿಯನ್ನು ಕೇಳಲಿಲ್ಲ, ಆಚರಣೆಯನ್ನು ನೋಡಿದನೆಂಬುದೇ ಈ ಕಥೆಯ ಸ್ವಾರಸ್ಯ.

ಇವರ ಮೊದಲ ಸಭಾಮಂದಿರದ ಕಥೆಯು ನಮ್ಮ ಶ್ರೀರಂಗಪಟ್ಟಣಕ್ಕೂ ಸೇರಿದೆ. ಇಂಗ್ಲಿಷರ ಸೇನೆಯಲ್ಲಿದ್ದ ಸಾಮ್ಯುಯೆಲ್ ಎಜೆಕಿಯೆಲ್ ದಿವೇಕರನು ಮೈಸೂರಿನ ಯುದ್ಧದಲ್ಲಿ ಟಿಪ್ಪು ಸುಲ್ತಾನನ ಸೆರೆಯಾದನು. ಕುರಾನಿನಲ್ಲಿ ಬನಿ ಇಸ್ರಾಯಿಲರ ಪ್ರಸ್ತಾಪವಿರುವುದರಿಂದ ಸುಲ್ತಾನನ ತಾಯಿಯು ಆತನ ಪ್ರಾಣವನ್ನುಳಿಸಿದಳೆಂದು ಅವರಲ್ಲಿ ಪ್ರತೀತಿ. ಬಿಡುಗಡೆಯಾಗಿ ಬಂದ ಆತನು 1796ರಲ್ಲಿ ಮುಂಬಯಿಯಲ್ಲಿ ‘ಕರುಣೆಯ ದ್ವಾರ’ವೆಂಬ ಹೆಸರಿನ ಸಭಾಮಂದಿರವನ್ನು ಕಟ್ಟಿಸಿದನು.

ಆದರೆ ಆ ಕರುಣೆಯ ದ್ವಾರವು ಎಲ್ಲರಿಗೂ ಸಮನಾಗಿ ತೆರೆದಿರಲಿಲ್ಲ. ಬಾಗ್ದಾದಿನಿಂದ ಮುಂಬಯಿಗೆ ಬಂದ ವರ್ತಕ ಯೆಹೂದ್ಯರು ಮೊದಮೊದಲು ಬೆನೆ ಇಸ್ರೇಲರೊಡನೆ ಕೂಡಿ ಪ್ರಾರ್ಥಿಸಿದರು. ಸಿರಿವಂತರಾದ ಬಳಿಕ ದೂರ ಸರಿದರು. 1836ರಲ್ಲಿಯೇ ಸ್ಮಶಾನದ ನಡುವೆ ಗೋಡೆ ಎಬ್ಬಿಸಬೇಕೆಂದು ಸರ್ಕಾರಕ್ಕೆ ಮನವಿ ಹೋಯಿತು. ಹೀಗೆ ತುಚ್ಛೀಕೃತರಾದ ಬೆನೆ ಇಸ್ರೇಲರಾದರೂ ತಮ್ಮೊಳಗೆ ಸಮಾನತೆಯನ್ನು ಪಾಲಿಸಿದರೆ? ಅವರಲ್ಲಿಯೂ ‘ಗೋರಾ ಇಸ್ರೇಲ್’, ‘ಕಾಳಾ ಇಸ್ರೇಲ್’ ಎಂಬ ಎರಡು ಪಂಕ್ತಿಗಳಿದ್ದವು. ಮಿಶ್ರಸಂತಾನವೆಂದು ಎಣಿಸಲ್ಪಟ್ಟವರೊಡನೆ ಹೆಣ್ಣು ಕೊಟ್ಟು ತರುವುದು ನಿಷಿದ್ಧವಾಗಿತ್ತು. ಮೇಲಿನವನಿಂದ ಅವಮಾನ ಹೊಂದಿದವನು ಕೆಳಗೊಬ್ಬನನ್ನು ಹುಡುಕುವ ಈ ಚಾಳಿಯು ನಮ್ಮ ವಾಚಕರಿಗೆ ಹೊಸತಲ್ಲ.

ಕೊಚ್ಚಿಯಲ್ಲಿ ಇದು ಇನ್ನೂ ಸ್ಪಷ್ಟವಾಗಿ ಕಾಣುವುದು. ಸುಮಾರು ಕ್ರಿ. ಶ. 1000ದಲ್ಲಿ ಭಾಸ್ಕರ ರವಿವರ್ಮನು ಜೋಸೆಫ್ ರಬ್ಬಾನನಿಗೆ ಕೊಟ್ಟ ತಾಮ್ರಶಾಸನದಲ್ಲಿ ಎಪ್ಪತ್ತೆರಡು ಮರ್ಯಾದೆಗಳು ಉಕ್ತವಾಗಿವೆ. ಮಲಯಾಳವನ್ನಾಡುವ ಈ ಹಳೆಯ ಯೆಹೂದ್ಯರ ನಡುವೆ 16ನೆಯ ಶತಮಾನದಲ್ಲಿ ಸ್ಪೇಯಿನ್ ಮೊದಲಾದ ಕಡೆಗಳಿಂದ ಬಂದು, 1568ರಲ್ಲಿ ಅರಮನೆಯ ಮಗ್ಗುಲಲ್ಲಿ ಸಭಾಮಂದಿರ ಕಟ್ಟಿಕೊಂಡ ಪರದೇಶಿಗಳು, ತಾವು ಬಿಳಿಯರೆಂದೂ ಹಳಬರು ಕರಿಯರೆಂದೂ ವಿಂಗಡಿಸಿದರು. ವ್ಯಾಜ್ಯವು ಕೈರೊ ನಗರದ ಧರ್ಮಾಧಿಕಾರಿ ದಾವಿದ್ ಇಬ್ನ್ ಜಿಮ್ರನವರೆಗೆ ಹೋಯಿತು. ಧರ್ಮವಿಧಿಯಂತೆ ಸ್ನಾನವಾದರೆ ಅವರೊಡನೆ ವಿವಾಹಕ್ಕೆ ಅಡ್ಡಿಯಿಲ್ಲವೆಂದು ಆತನು ತೀರ್ಪಿತ್ತನು. ಪರದೇಶಿಗಳು ಅದನ್ನು ಅನುಸರಿಸಲಿಲ್ಲ. ಶಾಸ್ತ್ರವು ಕೂಡಿಸಿದ್ದನ್ನು ರೂಢಿಯು ಅಗಲಿಸಿತು.

ಪರದೇಶಿಗಳ ಮಂದಿರದಲ್ಲಿಯೇ ಎಲ್ಲರಿಗಿಂತ ಕೆಳಗಿದ್ದವರು ದಾಸ್ಯದಿಂದ ಬಿಡುಗಡೆ ಹೊಂದಿದವರ ಸಂತತಿಯವರು. ಧನಿಗಳ ರಕ್ತವೂ ಅವರಲ್ಲಿ ಬೆರೆತಿತ್ತು. ಇಂಥ ಸಂಬಂಧವು ಪುರಾತನವಾದುದು: ಟ್ಯುನೀಸಿಯದ ಅಬ್ರಹಾಂ ಬೆನ್ ಯಿಜು ಎಂಬ ಯೆಹೂದ್ಯ ವರ್ತಕನು 1132ರಲ್ಲಿ ನಮ್ಮ ಮಂಗಳೂರಿನಲ್ಲಿ ಆಶು ಎಂಬ ದಾಸಿಯನ್ನು ಬಿಡುಗಡೆ ಮಾಡಿದನೆಂಬುದಕ್ಕೆ ಕೈರೊದ ಸಭಾಮಂದಿರದಲ್ಲಿ ದೊರೆತ ಕಾಗದಗಳು ಸಾಕ್ಷಿ; ಆಕೆಯನ್ನೇ ಅವನು ವರಿಸಿದನೆಂದು ವಿದ್ವಾಂಸರು ಊಹಿಸಿದ್ದಾರೆ. ಕೊಚ್ಚಿಯ ಬಿಡುಗಡೆ ಹೊಂದಿದವರಾದರೋ ಮಂದಿರದಲ್ಲಿ ಪೀಠದ ಮೇಲೆ ಕುಳಿತುಕೊಳ್ಳುವಂತಿರಲಿಲ್ಲ. ಧರ್ಮಗ್ರಂಥವನ್ನೋದಲು ಅವರಿಗೆ ಕರೆಯಿರಲಿಲ್ಲ.

ಈ ವರ್ಗದಲ್ಲಿ 1882ರಲ್ಲಿ ಜನಿಸಿದ ವಕೀಲ ಅಬ್ರಹಾಂ ಬರಾಕ್ ಸೇಲಂ ಅವರು 1929ರ ಲಾಹೋರ್ ಕಾಂಗ್ರೆಸ್ಸಿಗೆ ಹೋಗಿಬಂದವರು. ಮಹಾತ್ಮರ ಮಾರ್ಗವನ್ನು ಅವರು ತಮ್ಮ ದೇವಸ್ಥಾನದೊಳಗೇ ಹಿಡಿದರು. ನಿಷಿದ್ಧವಾದ ಸ್ಥಾನದಲ್ಲಿ ಮಕ್ಕಳೊಡನೆ ಕುಳಿತು ಸತ್ಯಾಗ್ರಹ ಹೂಡಿದರು. ನಿರ್ಬಂಧಗಳು ಒಂದೊಂದಾಗಿ ಸಡಿಲಿದವು. 1950ರಲ್ಲಿ ಅವರ ಮಗನು ಪರದೇಶಿ ಮನೆತನದ ಕನ್ಯೆಯನ್ನು ಮದುವೆಯಾದನು. ಆದರೆ ಅಷ್ಟರಲ್ಲಿ ಕೊಚ್ಚಿಯ ಯೆಹೂದ್ಯರು ಇಸ್ರೇಲಿಗೆ ಹೊರಡಲನುವಾಗಿದ್ದರು. 1951ರ ಜನಗಣತಿಯಲ್ಲಿ ಭಾರತದಲ್ಲಿ ಇಪ್ಪತ್ತಾರು ಸಾವಿರಕ್ಕೂ ಮಿಕ್ಕಿದ್ದ ಯೆಹೂದ್ಯರ ಸಂಖ್ಯೆಯು 2011ರಲ್ಲಿ 4650ಕ್ಕೆ ಇಳಿದಿತ್ತು.

ಹೊರಟವರಿಗೆ ಅಲ್ಲಿ ಪ್ರಶ್ನೆಯು ತೀರಿತೇ? 1962ರಲ್ಲಿ ಇಸ್ರೇಲಿನ ಪ್ರಧಾನ ಧರ್ಮಾಧಿಕಾರಿ ಯಿಟ್ಜಾಕ್ ನಿಸ್ಸೀಂ ಅವರು, ಬೆನೆ ಇಸ್ರೇಲರ ಮದುವೆಯನ್ನು ನೋಂದಾಯಿಸುವ ಮೊದಲು ಪೂರ್ವಿಕರ ವಿಚಾರಣೆ ನಡೆಯಬೇಕೆಂದು ಅಧಿಕಾರಿಗಳಿಗೆ ಆಜ್ಞೆ ಕಳುಹಿದರು. ಕೊಂಕಣದಲ್ಲಿ ವಿಚ್ಛೇದನದ ಶಾಸ್ತ್ರವಿಧಿಯು ತಿಳಿಯದಿದ್ದ ಕಾರಣ ಸಂತತಿಯಲ್ಲಿ ದೋಷವಿರಬಹುದೆಂಬುದು ಅವರ ಸಂದೇಹ. ಅವರಿಗೂ ನ್ಯಾಯ ಹೇಳಬೇಕು: ಶಾಸ್ತ್ರವನ್ನು ಕಾಪಾಡುವುದು ತಮ್ಮ ಕರ್ತವ್ಯವೆಂದು ಅವರು ನಂಬಿದ್ದರು. ಆದರೆ ಪೋಲೆಂಡಿನಿಂದ ಬಂದವನಿಗೆ ಹಾಕದ ಪ್ರಶ್ನೆಯನ್ನು ಒಂದು ಸಮುದಾಯದ ಹೆಸರೆತ್ತಿ ಅದಕ್ಕೆ ಮಾತ್ರ ಹಾಕಿದುದು ಶಾಸ್ತ್ರರಕ್ಷಣೆಯೆನಿಸದು. ಬೆನೆ ಇಸ್ರೇಲರು ಜೆರೂಸಲೇಮಿನಲ್ಲಿ ಧರಣಿ ಕುಳಿತರು. 1964ರ ಆಗಸ್ಟಿನಲ್ಲಿ, ಅವರು ಸರ್ವಾಂಶಗಳಲ್ಲಿಯೂ ಯೆಹೂದ್ಯರೆಂದು ಇಸ್ರೇಲಿನ ಶಾಸನಸಭೆಯು ಘೋಷಿಸಿತು; ಆಜ್ಞೆಯಿಂದ ಅವರ ಹೆಸರು ಬಿಟ್ಟುಹೋಯಿತು. ಆದರೂ ಆ ರಾಜ್ಯಕ್ಕೆ ಈ ಪ್ರಶ್ನೆಯು ತಪ್ಪಲಿಲ್ಲ. ತಾಯಿ ಯೆಹೂದ್ಯಳಾಗಿದ್ದರೆ ಅಥವಾ ಮತಾಂತರ ಹೊಂದಿದ್ದರೆ ಅಂಥವನು ಯೆಹೂದ್ಯನೆಂದು 1970ರಲ್ಲಿ ಶಾಸನವು ಲಕ್ಷಣ ಹೇಳಿತು. ಅದೇ ಶಾಸನವೇ ಮೊಮ್ಮಕ್ಕಳವರೆಗೆ ವಲಸೆಯ ಹಕ್ಕನ್ನು ವಿಸ್ತರಿಸಿತು. ಹೀಗೆ ರಾಜ್ಯವು ಬಾಗಿಲೊಳಗೆ ಬಿಟ್ಟವರಲ್ಲಿ ಕೆಲವರನ್ನು ಧರ್ಮಾಧಿಕಾರಿಯು ಇಂದಿಗೂ ತನ್ನವರೆಂದು ಒಪ್ಪುವುದಿಲ್ಲ.

ಜನರನ್ನು ಮತ, ಕುಲ, ಪಂಗಡಗಳ ಕಲಮುಗಳಲ್ಲಿ ಬರೆದಿಡುವುದು ಅಧಿಕಾರಿಗಳ ನಿತ್ಯದ ಕೆಲಸ. ಬರೆಯುವವನಿಗೆ ಅದು ಒಂದು ಗೆರೆ. ಬರೆಯಿಸಿಕೊಳ್ಳುವವನಿಗೆ ಮಗಳ ಮದುವೆ, ತಂದೆಯ ಸಮಾಧಿ. ಶನಿವಾರ ಗಾಣ ನಿಲ್ಲಿಸಿ ಒಂದು ದಿನದ ಸಂಪಾದನೆಯನ್ನು ಬಿಟ್ಟ ಬಡ ಎಣ್ಣೆಗಾರನು ತಾನು ಯಾರೆಂಬುದನ್ನು ವಾರಕ್ಕೊಮ್ಮೆ ಸಾಬೀತು ಮಾಡುತ್ತಿದ್ದನು. ಅವನ ಮೊಮ್ಮಕ್ಕಳನ್ನು ರುಜುವಾತು ತನ್ನಿರೆಂದು ಕೇಳಿದವರು, ಮೊದಲು ಆ ಗಾಣದ ಕಡೆಗೆ ನೋಡಬೇಕಾಗಿತ್ತು.